ಮನೆವಾರ್ತೆ ನಡೆಸುವ ಅಕ್ಕಡಿ ಸಾಲು



ಮನೆ ಭಾಗವಾಗುವುದನ್ನು ನೀವು ನೋಡಿಯೇ ಇರುತ್ತೀರಿ. ಹಿರಿಯರು ಜಗಲಿಯ ಮೇಲೆ ಕೂಡುತ್ತಾರೆ. ಖುಷ್ಕಿ ಇಷ್ಟು, ತರಿ ಇಷ್ಟು, ತೋಟ ಇಷ್ಟು ಎಂದು ಅಳತೆಯಾಗುತ್ತದೆ. ದನಕರು, ಗಾಡಿ, ಕೊಳವೆ ಬಾವಿಯ ಸರದಿ, ಸಾಲ, ದೇವರ ಕಾರ್ಯದ ಖರ್ಚು, ಕಡೆಗೆ ಅಟ್ಟದ ಮೇಲಿನ ಹಂಡೆ ಕೊಳಗಗಳವರೆಗೆ ಎಲ್ಲಕ್ಕೂ ಪಟ್ಟಿಯಾಗುತ್ತದೆ. ತಾಯಿ ಯಾರ ಮನೆಯಲ್ಲಿ ಇರಬೇಕೆಂಬುದೂ ಅಲ್ಲಿಯೇ ತೀರ್ಮಾನವಾಗುತ್ತದೆ. ಆದರೆ ಆ ತಾಯಿ ಅಟ್ಟದ ಮೂಲೆಯಲ್ಲಿ ಕಟ್ಟಿಟ್ಟಿರುವ ಅವರೆ, ಅಲಸಂದೆ, ತೊಗರಿ, ಹುಚ್ಚೆಳ್ಳು ಬೀಜದ ಗಂಟುಗಳು ಯಾರ ಪಾಲಿಗೆ ಎಂದು ಕೇಳಿದ ಪಂಚಾಯಿತಿಯನ್ನು ನಾನು ಇದುವರೆಗೆ ಕಂಡಿಲ್ಲ. ಬೆಲೆ ಕಟ್ಟಿದರೆ ಆ ಗಂಟುಗಳಿಗೆ ಕೆಲವು ನೂರು ರೂಪಾಯಿ ಬಂದೀತು. ಪಟ್ಟಿಗೆ ಸೇರದಿರಲು ಅದೇ ಕಾರಣವಿರಬೇಕು.

ಈ ಲೇಖನ ಆ ಗಂಟುಗಳನ್ನು ಕುರಿತದ್ದು. ದೊಡ್ಡಬಳ್ಳಾಪುರ, ದೇವನಹಳ್ಳಿ, ಹೊಸಕೋಟೆ, ನೆಲಮಂಗಲ ತಾಲ್ಲೂಕುಗಳ ರಾಗಿ ಬೆಳೆಯುವ ಮನೆಗಳಲ್ಲಿ ನಿತ್ಯದ ಊಟ, ಹಬ್ಬ, ನೆಂಟರ ಉಪಚಾರ, ಹೆಣ್ಣುಮಕ್ಕಳಿಗೆ ತವರಿನಿಂದ ಕಳುಹಿಸುವ ವಾಡಿಕೆ ಇವೆಲ್ಲವೂ ಬಹುಮಟ್ಟಿಗೆ ರಾಗಿ ಹೊಲದೊಳಗಿನ ಅಕ್ಕಡಿ ಸಾಲನ್ನು ನೆಚ್ಚಿಕೊಂಡು ನಡೆದುಬಂದಿವೆ. ಸಾಲು ನಿಂತುಹೋದ ಮನೆಗಳಲ್ಲಿ ವಾಡಿಕೆ ಉಳಿದಿದ್ದರೂ ಅದಕ್ಕೆ ಬೇಕಾದ ಸಾಮಾನು ಅಂಗಡಿಯಿಂದ ಬರುತ್ತಿದೆ. ಬೇಸಾಯ ಶಾಸ್ತ್ರದವರಿಗೆ ಅಡುಗೆಮನೆಯ ಮಾತು ಏಕೆ ಎಂದು ನೀವು ಕೇಳಬಹುದು. ಹೊಲದಲ್ಲಿ ಏನು ಬಿತ್ತಬೇಕೆಂಬುದನ್ನು ಈ ಕಡೆ ಬಹುಕಾಲ ತೀರ್ಮಾನಿಸಿದ್ದೇ ಅಡುಗೆಮನೆ. ಅದರ ತೀರ್ಮಾನವನ್ನು ಶಾಸ್ತ್ರದ ಕಣ್ಣಿನಿಂದ ನೋಡಿದರೂ ದೋಷ ಹುಡುಕುವುದು ಕಷ್ಟ.

ಸಡ್ಡೆ ಹಿಡಿದ ಕೈ

ಪುನರ್ವಸು, ಪುಷ್ಯ ಮಳೆಗಳಲ್ಲಿ ಹದ ಸಿಕ್ಕೊಡನೆ ಕೂರಿಗೆ ಹೂಡುತ್ತಿದ್ದರು. ಕೂರಿಗೆಯಲ್ಲಿ ರಾಗಿ, ಅದರ ಹಿಂದೆ ಹಗ್ಗದಿಂದ ಕಟ್ಟಿದ ಬಿದಿರಿನ ಸಡ್ಡೆಯಲ್ಲಿ ಅಕ್ಕಡಿ ಬೀಜ. ಕೂರಿಗೆ ಹಿಡಿಯುವುದು ಗಂಡಸಿನ ಕೆಲಸವಾದರೆ ಸಡ್ಡೆಗೆ ಬೀಜ ಬಿಡುವುದು ಸಾಮಾನ್ಯವಾಗಿ ಹೆಂಗಸಿನ ಕೆಲಸ. ಅವರೆ ಎಷ್ಟು ಸಾಲು, ತೊಗರಿ ಎಷ್ಟು, ಹುಚ್ಚೆಳ್ಳನ್ನು ಯಾವ ಕಡೆಗೆ ಬಿಡಬೇಕು, ಬದುವಿನ ಮೇಲೆ ಹರಳು ಎಷ್ಟು ಗುಣಿ ಎಂಬುದು ಮಡಿಲಲ್ಲಿ ಬೀಜ ಕಟ್ಟಿಕೊಂಡು ನಡೆಯುವವಳ ಲೆಕ್ಕ. ಹಿಂದಿನ ವರ್ಷ ಯಾವ ಕಾಳು ಯಾವ ತಿಂಗಳಿಗೆ ಮುಗಿದುಹೋಯಿತೆಂಬುದು ಆಕೆಗೆ ಗೊತ್ತು; ಕೂರಿಗೆ ಹಿಡಿದವನಿಗೆ ಅಷ್ಟಾಗಿ ಗೊತ್ತಿರುವುದಿಲ್ಲ.

ಈ ಕೂಟದ ಹಿಂದೆ ಒಳ್ಳೆಯ ಬೇಸಾಯವೂ ಇದೆ. ರಾಗಿಯದು ಮೇಲ್ಮಣ್ಣಿನಲ್ಲಿ ಹರಡುವ ತಂತುಬೇರು. ತೊಗರಿಯ ತಾಯಿಬೇರು ಆಳಕ್ಕಿಳಿಯುತ್ತದೆ. ಒಂದೇ ಹೊಲದ ತೇವವನ್ನು ಇವೆರಡೂ ಬೇರೆ ಬೇರೆ ಆಳದಿಂದ ಹೀರುವುದರಿಂದ ಪೈಪೋಟಿ ಕಡಿಮೆ. ಅವರೆ, ತೊಗರಿ, ಅಲಸಂದೆಗಳ ಬೇರಿನ ಗಂಟುಗಳು ಗಾಳಿಯ ಸಾರಜನಕವನ್ನು ಹಿಡಿದಿಡುತ್ತವೆ. ಉದುರಿದ ಎಲೆ ಮಣ್ಣಿಗೆ ಸೇರುತ್ತದೆ. ಹುಚ್ಚೆಳ್ಳಿನ ಹೂವಿಗೆ ಜೇನ್ನೊಣ ಬರುತ್ತದೆ. ಇನ್ನು ಮಳೆಯ ಮಾತು. ನಮ್ಮ ಜಿಲ್ಲೆಯಲ್ಲಿ ವರ್ಷಕ್ಕೆ ಸುಮಾರು 700ರಿಂದ 850 ಮಿಲಿಮೀಟರ್ ಮಳೆಯಾದರೂ ನಡುವೆ ಕೈಕೊಡುವುದು ಹೊಸದೇನಲ್ಲ. ತೆನೆ ಹೊಡೆಯುವಾಗ ಮಳೆ ಹೋಗಿ ರಾಗಿ ಜೊಳ್ಳಾದ ವರ್ಷವೂ ಹಿಂಗಾರಿನ ಒಂದೆರಡು ಹನಿಗೆ ತೊಗರಿ, ಅವರೆ ಎದ್ದು ನಿಂತು ಮನೆಯನ್ನು ಕಾಪಾಡಿವೆ. ಬೆಂಗಳೂರು ಕೃಷಿ ವಿಶ್ವವಿದ್ಯಾನಿಲಯವೂ ಖುಷ್ಕಿ ರಾಗಿಗೆ ಎಂಟು ಸಾಲಿಗೆ ಒಂದು ಸಾಲು ಅವರೆಯನ್ನೋ, ಎಂಟರಿಂದ ಹತ್ತು ಸಾಲಿಗೆ ಎರಡು ಸಾಲು ತೊಗರಿಯನ್ನೋ ಶಿಫಾರಸು ಮಾಡಿದೆ. ಸಡ್ಡೆ ಹಿಡಿದ ಕೈ ಮಾಡುತ್ತಿದ್ದುದಕ್ಕೂ ಇದಕ್ಕೂ ಹೆಚ್ಚಿನ ಅಂತರವಿಲ್ಲ.

ಸಾಲಿನೊಡನೆ ಸಾಗುವ ವರ್ಷ

ಬಿತ್ತಿದ ಮೂರು ವಾರಕ್ಕೆ ಹಲುಬೆ ಹೊಡೆದು, ಕುಂಟೆ ಹಾಯಿಸಿ, ಕಳೆ ಕೀಳಲು ಇಳಿದಾಗಲೇ ಹೊಲ ಮನೆಗೆ ಅನ್ನ ಕೊಡಲು ಆರಂಭಿಸುತ್ತದೆ. ಕಳೆಯೆಂದು ಕಿತ್ತದ್ದೆಲ್ಲ ಕಳೆಯಲ್ಲ. ಅಣ್ಣೆ, ಗಣಿಕೆ, ಕಿರಕಸಾಲೆ, ಹೊನಗೊನ್ನೆ, ಗೋಣಿಸೊಪ್ಪು ಮೊದಲಾದವು ಮಡಿಲು ತುಂಬಿ ಮನೆಗೆ ಬಂದು ಬೆರಕೆ ಸೊಪ್ಪಾಗುತ್ತವೆ. ಅಂದಿನ ರಾತ್ರಿ ಬಸ್ಸಾರು ಅಥವಾ ಮಸ್ಸೊಪ್ಪು, ಜೊತೆಗೆ ಬಿಸಿ ಹಿಟ್ಟು. (ಪಟ್ಟಣದವರು ಮುದ್ದೆ ಎಂದದ್ದನ್ನು ನಮ್ಮ ಹಳ್ಳಿಗಳಲ್ಲಿ ಹಿಟ್ಟು ಎಂದೇ ಹೇಳುವುದು.) ಶ್ರಾವಣ, ಭಾದ್ರಪದಗಳಲ್ಲಿ ಮನೆಯ ಹಳೆಯ ಕಾಳು ತಳ ಕಂಡಿರುತ್ತದೆ. ಆ ಎರಡು ತಿಂಗಳ ಸಾರಿಗೆ ಈ ಸೊಪ್ಪೇ ಆಧಾರ.

ಭಾದ್ರಪದ ಕಳೆಯುವ ಹೊತ್ತಿಗೆ ಅಲಸಂದೆ ಕಾಯಿ ಬಿಡುತ್ತದೆ. ಮಹಾಲಯ ಅಮಾವಾಸ್ಯೆಯ ಸುಮಾರಿಗೆ ಹಿರಿಯರಿಗೆ ಎಡೆ ಇಡುವ ಮನೆಯಲ್ಲಿ ಸ್ವಂತ ಹೊಲದ ಕಾಯಿ ಎಲೆಗೆ ಬೀಳುವುದು ಹೀಗೆ. ದೀಪಾವಳಿಗೆ ಹುಚ್ಚೆಳ್ಳು ಹಳದಿಯಾಗಿ ಅರಳಿರುತ್ತದೆ. ಸಗಣಿಯ ಉಂಡೆಗೆ ಹುಚ್ಚೆಳ್ಳಿನ ಹೂವನ್ನೂ ಅಣ್ಣೆಯ ಹೂವನ್ನೂ ಸಿಕ್ಕಿಸಿ ಹೊಸ್ತಿಲ ಬಳಿ, ತಿಪ್ಪೆಯ ಮೇಲೆ ಇಡುವ ವಾಡಿಕೆ ಅನೇಕ ಮನೆಗಳಲ್ಲಿದೆ. ಹೂವಿನ ಒಂದು ಬೆಳೆ, ಇನ್ನೊಂದು ಕಳೆ! ಎರಡನ್ನೂ ಒಂದೇ ಉಂಡೆಗೆ ಸಿಕ್ಕಿಸಿದವರಿಗೆ ಹೊಲದ ಲೆಕ್ಕ ಚೆನ್ನಾಗಿ ಗೊತ್ತಿತ್ತು. ಹುಚ್ಚೆಳ್ಳಿನ ಕಾಳು ಚಟ್ನಿಪುಡಿಗೆ, ಗಾಣಕ್ಕೆ ಹಾಕಿದರೆ ಎಣ್ಣೆ, ಹಿಂಡಿ ಕರೆಯುವ ಹಸುವಿಗೆ. ಬದುವಿನ ಹರಳನ್ನು ಹುರಿದು ಕುಟ್ಟಿ, ನೀರಿನಲ್ಲಿ ಕುದಿಸಿ ತೆಗೆದ ಎಣ್ಣೆ ಹಬ್ಬದ ತಲೆಸ್ನಾನಕ್ಕೆ, ದೀಪಕ್ಕೆ, ಬಾಣಂತಿಯ ಮೈಗೆ. (ಹಸುಗೂಸಿಗೆ ಅದನ್ನು ಕುಡಿಸುವ ಹಳೆಯ ರೂಢಿಯನ್ನು ವೈದ್ಯರು ಒಪ್ಪುವುದಿಲ್ಲ, ಅದನ್ನು ಬಿಡಿ.)

ಎಲ್ಲಕ್ಕಿಂತ ಅವರೆಯದೇ ದೊಡ್ಡ ಕಥೆ. ನಾಟಿ ಅವರೆ ಹಗಲಿನ ಉದ್ದವನ್ನು ಗುರುತಿಸುವ ಗಿಡ. ಜುಲೈ ತಿಂಗಳಲ್ಲಿ ಬಿತ್ತಿದರೂ ಹಗಲು ಕಿರಿದಾಗುವವರೆಗೆ ಅದು ಹೂ ಕಟ್ಟುವುದಿಲ್ಲ, ಬಳ್ಳಿಯಾಗಿ ಹರಡಿಕೊಂಡು ಕಾಯುತ್ತದೆ. ಕಾರ್ತಿಕ, ಮಾರ್ಗಶಿರಗಳಲ್ಲಿ ಕುಡುಗೋಲಿನಿಂದ ರಾಗಿ ಕೊಯ್ದ ಮೇಲೆ ಹೊಲವೆಲ್ಲ ಅದರದೇ. ಮಣ್ಣಿನಲ್ಲಿ ಉಳಿದ ತೇವಕ್ಕೆ ಕಾಯಿ ಕಟ್ಟಿ, ಚಳಿ ಬಿದ್ದಂತೆ ಕಾಯಿಯ ಸಿಪ್ಪೆಯ ಮೇಲೆ ಜಿಡ್ಡಿನಂಥ ಅಂಶ ಸೂಸುತ್ತದೆ. ನಾವು ಸೊಗಡು ಎನ್ನುವುದು ಇದನ್ನೇ. ಕೊಯ್ದವರ ಕೈಯಿಂದ ಆ ವಾಸನೆ ಎರಡು ದಿನ ಹೋಗದು.

ಆ ದಿನಗಳಲ್ಲಿ ಮನೆಗೆ ಬೇರೆಯೇ ನಡೆ ಬರುತ್ತದೆ. ಸಂಜೆ ಕಾಯಿಯ ರಾಶಿಯ ಸುತ್ತ ಎಲ್ಲರೂ ಕೂತು ಸುಲಿಯಬೇಕು. ಕಾಳನ್ನು ನೆನೆಹಾಕಿ ಮರುದಿನ ಹಿತಕಬೇಕು. ಹಿತಕಿದ ಬೇಳೆ ಒಬ್ಬರಿಂದ ಆಗುವ ಅಡುಗೆಯಲ್ಲ. ಮುದುಕರು, ಶಾಲೆಯಿಂದ ಬಂದ ಮಕ್ಕಳು, ಬೇರೆ ಸಮಯದಲ್ಲಿ ಅಡುಗೆಮನೆಯ ಕಡೆ ಸುಳಿಯದ ಗಂಡಸರು ಕೂಡ ಕೈ ಹಾಕುತ್ತಾರೆ. ಸಿಪ್ಪೆ ದನಕ್ಕೆ. ಸಂಕ್ರಾಂತಿಯ ದಿನ ಗೆಣಸು, ಕಡಲೆಕಾಯಿಯ ಜೊತೆ ಅವರೆಕಾಯಿಯನ್ನೂ ಬೇಯಿಸಿ ಎಡೆ ಮಾಡಿ, ಸಂಜೆ ದನಗಳನ್ನು ಕಿಚ್ಚು ಹಾಯಿಸುತ್ತಾರೆ. ಮದುವೆ ಮಾಡಿಕೊಟ್ಟ ಹೆಣ್ಣುಮಕ್ಕಳ ಮನೆಗೆ ಒಂದು ಚೀಲ ಸೊಗಡಿನ ಕಾಯಿ ಹೋಗಬೇಕು. ಗೌರಿ ಹಬ್ಬಕ್ಕೆ ಕಳುಹಿಸುವ ಸೀರೆ, ದುಡ್ಡು ಹೆಚ್ಚುಕಡಿಮೆಯಾದರೂ ಈ ಚೀಲ ತಪ್ಪದಂತೆ ನೋಡಿಕೊಂಡ ತಂದೆತಾಯಿಗಳು ಎಷ್ಟೋ ಮಂದಿ. ಬೆಂಗಳೂರಿನ ಸಜ್ಜನ್ ರಾವ್ ವೃತ್ತದ ಬಳಿ ಆರಂಭವಾದ ಅವರೆಬೇಳೆ ಮೇಳಕ್ಕೆ ಜನ ಮುಗಿಬೀಳುವುದನ್ನು ಕಂಡಾಗ, ಚೀಲ ಬರುವುದು ನಿಂತುಹೋದ ಮನೆಗಳವರು ಅವರಲ್ಲಿ ಎಷ್ಟಿರಬಹುದೆಂದು ನಾನು ಯೋಚಿಸುವುದುಂಟು.

ಕಣದ ವಿಷಯವನ್ನು ಚಿಕ್ಕದಾಗಿ ಹೇಳುತ್ತೇನೆ. ಸಗಣಿ ಸಾರಿಸಿದ ಕಣ, ನಡುವೆ ಮೇಟಿ, ರಾಶಿಯ ಮೇಲೆ ಬೆನಕ, ಮೊದಲ ಕೊಳಗಕ್ಕೆ ಒಂದು ಎನ್ನದೆ ಲಾಭ ಎಂದು ಎಣಿಸುವುದು ಇವು ನಿಮಗೆ ತಿಳಿದವೇ. ಬಂದವರಿಗೆ ಮೊರದಲ್ಲಿ ರಾಗಿ ಕೊಡುವುದನ್ನು ಬಹಳ ಮಂದಿ ಹಾಡಿ ಹೊಗಳುತ್ತಾರೆ. ಆದರೆ ಆಯಗಾರರಿಗೆ ಅಳೆದದ್ದು ವರ್ಷವಿಡೀ ದುಡಿದ ಕೂಲಿ, ದಾನವಲ್ಲ. ಕಣದ ಹೊರಗೆ ನಿಂತು ಸೆರಗೊಡ್ಡಬೇಕಾಗಿದ್ದವರಿಗೆ ಆ ಸಂಪ್ರದಾಯ ಸಿಹಿಯಾಗಿರಲಿಲ್ಲ. ಅದು ಹೋದದ್ದು ಒಳ್ಳೆಯದೇ ಆಯಿತು. ಈಗಿನ ಕಣವೆಂದರೆ ಅನೇಕ ಕಡೆ ಡಾಂಬರು ರಸ್ತೆ. ವಾಹನಗಳ ಕೆಳಗೆ ತೆನೆ ಹರಡುವುದು ಅಪಾಯ, ರಾಗಿಗೂ ಕಲ್ಲುಮಣ್ಣು ಸೇರುತ್ತದೆ.

ತಟ್ಟೆಯ ಲೆಕ್ಕ

ರಾಗಿಯಲ್ಲಿ ಸುಣ್ಣದಂಶ ಹೆಚ್ಚೆಂಬುದು ಈಗ ಎಲ್ಲರ ಬಾಯಲ್ಲೂ ಇದೆ. 100 ಗ್ರಾಂ ರಾಗಿಯಲ್ಲಿ ಸುಮಾರು 344 ಮಿಲಿಗ್ರಾಂ ಇದೆ. 2023ನ್ನು ವಿಶ್ವಸಂಸ್ಥೆ ಸಿರಿಧಾನ್ಯ ವರ್ಷವೆಂದು ಆಚರಿಸಿದಂದಿನಿಂದ ರಾಗಿಗೆ ಪಟ್ಟಣದಲ್ಲೂ ಗೌರವ ಬಂದಿದೆ. ಆದರೆ ರಾಗಿಯಲ್ಲಿ ಸಸಾರಜನಕ 100 ಗ್ರಾಮಿಗೆ ಏಳು ಗ್ರಾಂ ಚಿಲ್ಲರೆ ಮಾತ್ರ, ಅದರಲ್ಲೂ ಲೈಸಿನ್ ಎಂಬ ಅಂಶ ಕಡಿಮೆ. ಒಣ ಅವರೆಕಾಳಿನಲ್ಲಿ ಸಸಾರಜನಕ ಸುಮಾರು 25 ಗ್ರಾಂ, ಲೈಸಿನ್ ಧಾರಾಳ. ಒಂದರ ಕೊರತೆಯನ್ನು ಇನ್ನೊಂದು ತುಂಬುತ್ತದೆ. ಆದುದರಿಂದ ಬರಿಯ ರಾಗಿಯನ್ನು ಹೊಗಳಿದರೆ ಅರ್ಧ ಮಾತು ಹೇಳಿದಂತೆ. ಹಿಟ್ಟಿನ ಜೊತೆ ಕಾಳಿನ ಸಾರು ಇದ್ದಾಗ ಮಾತ್ರ ಊಟ ಪೂರ್ಣ.

ಇಲ್ಲಿ ಇನ್ನೊಂದು ಮಾತನ್ನು ಹೇಳದೆ ಮುಂದೆ ಹೋಗುವಂತಿಲ್ಲ. ನಮ್ಮ ಮನೆಗಳಲ್ಲಿ ಮೊದಲು ಗಂಡಸರು, ಮಕ್ಕಳು, ಆಮೇಲೆ ಅತ್ತೆ, ಕಡೆಗೆ ಸೊಸೆ ಊಟಕ್ಕೆ ಕೂರುವ ರೂಢಿ ಇದೆ. ಕಾಳನ್ನು ಕೊಂಡು ತರುವ ಮನೆಯಲ್ಲಿ ಸಾರಿಗೆ ಬೀಳುವ ಕಾಳು ಎಣಿಕೆಯದ್ದು. ಸೌಟು ಕಡೆಯವಳ ತಟ್ಟೆಗೆ ಬರುವ ಹೊತ್ತಿಗೆ ತಿಳಿ ಮಾತ್ರ ಉಳಿದಿರುತ್ತದೆ. 2019ರಲ್ಲಿ ನಮ್ಮ ರಾಜ್ಯದಲ್ಲಿ ನಡೆದ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ 15ರಿಂದ 49 ವರ್ಷದ ಹೆಂಗಸರಲ್ಲಿ ಹೆಚ್ಚುಕಡಿಮೆ ಅರ್ಧದಷ್ಟು ಮಂದಿಗೆ ರಕ್ತಹೀನತೆ ಇದೆ. ಇದಕ್ಕೆ ಕಾರಣಗಳು ಹಲವು, ಅಕ್ಕಡಿ ಬಿಟ್ಟದ್ದೇ ಕಾರಣವೆಂದು ನಾನು ಹೇಳುವುದಿಲ್ಲ. ಆದರೆ ಸೊಪ್ಪೂ ಕಾಳೂ ಸ್ವಂತ ಹೊಲದಿಂದ ಬರುವ ಮನೆಯಲ್ಲಿ ಕಡೆಯ ತಟ್ಟೆಗೂ ಒಂದಿಷ್ಟು ಗಟ್ಟಿ ಉಳಿಯುತ್ತದೆ. ಎಲ್ಲರೂ ಒಟ್ಟಿಗೆ ಕೂತು ಉಂಡರೆ ಇನ್ನೂ ಒಳ್ಳೆಯದು. ಅದಕ್ಕೆ ವಿಶ್ವವಿದ್ಯಾನಿಲಯದ ಶಿಫಾರಸು ಬೇಕಾಗಿಲ್ಲ.

ಸಾಲು ನಿಂತದ್ದು ಹೇಗೆ?

ರೈತರು ಸೋಮಾರಿಗಳಾದರೆಂದು ಹೇಳುವವರ ಮಾತನ್ನು ನಾನು ಒಪ್ಪುವುದಿಲ್ಲ. ಹೊಸಕೋಟೆ, ದೇವನಹಳ್ಳಿ, ದೊಡ್ಡಬಳ್ಳಾಪುರದ ಎಷ್ಟೋ ರಾಗಿ ಹೊಲಗಳು ಮೊದಲು ನೀಲಗಿರಿ ತೋಪಾದವು. ಹೊಸದಾಗಿ ನೀಲಗಿರಿ ನೆಡುವುದನ್ನು ಸರ್ಕಾರ ನಿಷೇಧಿಸಿದ್ದು 2017ರಲ್ಲಿ. 2008ರಲ್ಲಿ ದೇವನಹಳ್ಳಿಯ ವಿಮಾನ ನಿಲ್ದಾಣ ಆರಂಭವಾದ ಮೇಲೆ ಸುತ್ತಲಿನ ಭೂಮಿಯ ಬೆಲೆ ಏರಿ, ಬಿತ್ತುವುದಕ್ಕಿಂತ ಬೀಳು ಬಿಡುವುದೇ ಲೇಸೆಂಬ ಲೆಕ್ಕಾಚಾರ ಬಂತು. ಉಳಿದ ಹೊಲಗಳಲ್ಲಿ ಎತ್ತು ಹೋಗಿ ಟ್ರಾಕ್ಟರ್ ಬಂತು, ಎತ್ತಿನ ಜೊತೆಗೇ ಸಡ್ಡೆಯೂ ಹೋಯಿತು. ಕಳೆ ಕೀಳುವ ಕೂಲಿ ದುಬಾರಿಯಾಗಿ 2,4-ಡಿಯಂಥ ಕಳೆನಾಶಕ ಬಂತು. ಅಗಲ ಎಲೆಯ ಕಳೆಗಳನ್ನು ಕೊಲ್ಲುವ ಈ ಔಷಧಿಗೆ ಅವರೆ, ತೊಗರಿ, ಹುಚ್ಚೆಳ್ಳು ಕೂಡ ಕಳೆಯೇ. ಬೆರಕೆ ಸೊಪ್ಪಂತೂ ಸರಿಯೇ ಸರಿ. ಕೊಯ್ಲಿಗೆ ಯಂತ್ರ ಇಳಿದರೆ ರಾಗಿಯ ಜೊತೆಗೆ ಆಗ ತಾನೇ ಹೂ ಕಟ್ಟುತ್ತಿರುವ ಅವರೆ ಬಳ್ಳಿಯನ್ನೂ ಕತ್ತರಿಸಿಹಾಕುತ್ತದೆ. ಮೇಲಾಗಿ ಖರೀದಿ ಕೇಂದ್ರಗಳು ಕೊಳ್ಳುವುದು ರಾಗಿಯನ್ನು. 2025-26ನೇ ಸಾಲಿಗೆ ಕ್ವಿಂಟಾಲಿಗೆ 4,886 ರೂಪಾಯಿ ಬೆಂಬಲ ಬೆಲೆ ಗೊತ್ತಾಗಿದೆ. ಅವರೆಗೆ ಬೆಂಬಲ ಬೆಲೆಯೇ ಇಲ್ಲ. ಹೀಗಿರುವಾಗ ಬರೀ ರಾಗಿ ಬಿತ್ತಿದವರ ಲೆಕ್ಕ ದಡ್ಡತನದ್ದೇನೂ ಅಲ್ಲ.

ಆದರೂ ಆ ಲೆಕ್ಕವನ್ನು ಪೂರ್ತಿ ಮಾಡಿ ನೋಡಿ. ಒಂದು ಎಕರೆಯಲ್ಲಿ ಅಡಿಗೊಂದರಂತೆ, ಅಂದರೆ 30 ಸೆಂಟಿಮೀಟರಿಗೊಂದು ಸಾಲು ಹಾಕಿದರೆ ಸಾಲುಗಳ ಒಟ್ಟು ಉದ್ದ ಸುಮಾರು 13,500 ಮೀಟರ್. ಎಂಟು ಸಾಲು ರಾಗಿಗೆ ಒಂದು ಸಾಲು ಅವರೆ ಎಂದರೆ ಅವರೆಗೆ 1,500 ಮೀಟರ್. ಒಂದಡಿಗೆ ಒಂದು ಗಿಡದಂತೆ 5,000 ಗಿಡ. ಗಿಡಕ್ಕೆ 20 ಗ್ರಾಂ ಒಣಕಾಳು ಎಂದು ಹಿಡಿದರೆ ಒಂದು ಕ್ವಿಂಟಾಲ್. ಆರು ಮಂದಿಯ ಮನೆಗೆ ದಿನಕ್ಕೆ ಕಾಲು ಕಿಲೋ ಕಾಳು ಬೇಕೆಂದರೆ ವರ್ಷಕ್ಕೆ 91 ಕಿಲೋ. ಒಂದು ಎಕರೆಯ ಅಕ್ಕಡಿ ಒಂದು ಮನೆಯ ಸಾರಿಗೆ ಹೆಚ್ಚುಕಡಿಮೆ ಸರಿಹೋಗುತ್ತದೆ. ಇದಕ್ಕೆ ಬೇಕಾದ ಬೀಜ ಎರಡೂವರೆ ಕಿಲೋ.

ಯಂತ್ರದಿಂದ ಕೊಯ್ಯಿಸಬೇಕೆನ್ನುವವರು ಸಾಲಿನ ಬದಲು ಪಟ್ಟೆ ಮಾಡಬಹುದು. ಮನೆಗೆ ಹತ್ತಿರವಿರುವ ಬದುವಿನ ಪಕ್ಕದಲ್ಲಿ ಎರಡು ಅಡಿಗೊಂದು ಸಾಲಿನಂತೆ ಅಷ್ಟೇ ಗಿಡಗಳನ್ನು ಕೂರಿಸಲು ಸುಮಾರು ಒಂಬತ್ತು ಗುಂಟೆ ಬೇಕು. ಎಕರೆಗೆ ಎಂಟು ಕ್ವಿಂಟಾಲ್ ರಾಗಿ ಬರುವ ಹೊಲದಲ್ಲಿ ಒಂಬತ್ತು ಗುಂಟೆಗೆ 180 ಕಿಲೋ ರಾಗಿ ಬಿಟ್ಟುಕೊಟ್ಟಂತೆ, ಅಂದರೆ ಬೆಂಬಲ ಬೆಲೆಯಲ್ಲಿ ಸುಮಾರು 8,800 ರೂಪಾಯಿ. ಸಣ್ಣ ಮೊತ್ತವಲ್ಲ. ಅಂಗಡಿಯಲ್ಲಿ 91 ಕಿಲೋ ಕಾಳನ್ನು ಕಿಲೋಗೆ 100 ರೂಪಾಯಿಯಂತೆ ಕೊಂಡರೆ 9,100. ದುಡ್ಡಿನ ಲೆಕ್ಕದಲ್ಲಿ ಎರಡೂ ಸಮಸಮ ಎನ್ನಿ. ಹಸಿಕಾಯಿ, ಸೊಪ್ಪು, ದನದ ಮೇವು, ತೊಗರಿ ಕಡ್ಡಿಯ ಸೌದೆ, ಮಣ್ಣಿಗೆ ಸೇರುವ ಸಾರಜನಕ ಇವು ಈ ಲೆಕ್ಕದ ಹೊರಗಿವೆ. ಪಟ್ಟೆ ಮಾಡಿದಾಗ ಉಳಿದ ರಾಗಿಗೆ ಕಳೆನಾಶಕ ಹೊಡೆಯುವುದಾದರೂ ಗಾಳಿ ಇಲ್ಲದ ಹೊತ್ತಿನಲ್ಲಿ, ಪಟ್ಟೆಯಿಂದ ದೂರ ಹೊಡೆಯಿರಿ. ಔಷಧಿ ಬಿದ್ದ ಕಡೆಯ ಸೊಪ್ಪನ್ನು ಮನೆಗೆ ತರಬೇಡಿ. ರಾಗಿ ತಳಿಗಳಲ್ಲಿ 110ರಿಂದ 115 ದಿನಕ್ಕೆ ಬರುವ ಜಿಪಿಯು-28, ಜುಲೈ ತಿಂಗಳಲ್ಲೇ ಬಿತ್ತುವ ಅನುಕೂಲವಿದ್ದರೆ ದೀರ್ಘಾವಧಿಯ ಎಂಆರ್-6 ಎರಡೂ ಅಕ್ಕಡಿಗೆ ಒಗ್ಗುತ್ತವೆ. ಹೆಬ್ಬಾಳದ ಎಚ್‌ಎ-3, ಎಚ್‌ಎ-4 ಅವರೆಗಳು ಹಗಲಿನ ಉದ್ದಕ್ಕೆ ಕಾಯದೆ ಯಾವ ಕಾಲದಲ್ಲಾದರೂ ಕಾಯಿ ಬಿಡುತ್ತವೆ. ನೀರಾವರಿಯಲ್ಲಿ ಮಾರಾಟಕ್ಕೆ ಬೆಳೆಯುವವರಿಗೆ ಉತ್ತಮ. ಆದರೆ ರಾಗಿ ಕೊಯ್ಲಾಗುವವರೆಗೆ ಕಾದು ಸಂಕ್ರಾಂತಿಗೆ ಕಾಯಿ ಕೊಡಬೇಕಾದ ಅಕ್ಕಡಿಗೆ ನಾಟಿ ಅವರೆಯೇ ಸರಿ.

ಬೀಜವೇ ಇಲ್ಲದಿದ್ದರೆ?

ಕೆಲವು ವರ್ಷಗಳ ಹಿಂದೆ ದೊಡ್ಡಬಳ್ಳಾಪುರ ತಾಲ್ಲೂಕಿನ ಒಂದು ಮನೆಯಿಂದ ನನಗೆ ಕರೆ ಬಂತು. ಮೂವರು ಅಣ್ಣತಮ್ಮಂದಿರು ಬೇರೆಯಾಗಿ ಮೂರು ವರ್ಷ ಕಳೆದಿತ್ತು. ಕಿರಿಯ ಸೊಸೆಗೆ ಅಕ್ಕಡಿ ಬಿತ್ತಬೇಕೆಂಬ ಆಸೆ. ಅಜ್ಜಿ ಗಂಟು ಬಿಚ್ಚಿಕೊಟ್ಟರು. ಬೀಜ ಯಾರ ಭಾಗಕ್ಕೂ ಬರಲಿಲ್ಲವಾದ್ದರಿಂದ ಯಾರೂ ಬಿತ್ತಲಿಲ್ಲವೆಂದು ಅವರೇ ಹೇಳಿದರು. ನೂರು ಅವರೆಯನ್ನು ಒದ್ದೆ ಗೋಣಿಯಲ್ಲಿ ಸುತ್ತಿಟ್ಟೆವು. ವಾರ ಕಳೆದರೂ ಮೊಳೆತದ್ದು ಹತ್ತನ್ನು ದಾಟಲಿಲ್ಲ. ಅದೇ ಮನೆಯ ಗುಡಾಣದಲ್ಲಿದ್ದ ಹಳೆಯ ರಾಗಿ ಚೆನ್ನಾಗಿ ಮೊಳೆಯಿತು. ರಾಗಿಯ ಸ್ವಭಾವವೇ ಹಾಗೆ, ಅದು ವರ್ಷಗಟ್ಟಲೆ ಇರುತ್ತದೆ. ಹಿಂದೆ ಹಗೇವಿನಲ್ಲಿ ತುಂಬಿ ಬರಗಾಲಕ್ಕೆಂದು ಇಡುತ್ತಿದ್ದುದೂ ಅದರಿಂದಲೇ. ಅವರೆಯನ್ನು ಹಾಗೆ ಇಡಲಾಗದು. ಅದನ್ನು ಉಳಿಸುವ ದಾರಿ ಬಿತ್ತುವುದೊಂದೇ. ಅಜ್ಜಿ ಗೋಣಿಯನ್ನು ಬಹಳ ಹೊತ್ತು ನೋಡಿ ಸುಮ್ಮನಾದರು. ಆ ಬೀಜ ಅವರ ಅತ್ತೆ ಕೊಟ್ಟದ್ದಂತೆ. ಕಡೆಗೆ ಸೊಸೆ ತನ್ನ ತವರುಮನೆಯಿಂದ ಮೂರು ಸೇರು ಅವರೆ ತರಿಸಿ ಬಿತ್ತಿದಳು. ಹೆಣ್ಣುಮಕ್ಕಳ ಜೊತೆ ಬೀಜ ಊರಿಂದ ಊರಿಗೆ ಹೋಗುವುದು ನಮ್ಮಲ್ಲಿ ಹಿಂದಿನಿಂದಲೂ ಇದೆ.

ಬೀಜ ಕಟ್ಟುವ ಕ್ರಮವನ್ನು ಹಿರಿಯ ಹೆಂಗಸರಿಂದಲೇ ಕೇಳಿ ತಿಳಿಯಿರಿ. ಅವರು ಮಾಡುವುದು ಹೀಗೆ: ಮೊದಲ ಕೊಯ್ಲಿನ, ರೋಗವಿಲ್ಲದ ಗಿಡದ ತುಂಬಿದ ಕಾಯಿಯನ್ನು ಗಿಡದಲ್ಲೇ ಒಣಗಲು ಬಿಟ್ಟು, ಕಾಳನ್ನು ಬಿಸಿಲಿನಲ್ಲಿ ಒಣಗಿಸಿ, ಕೆಮ್ಮಣ್ಣಿನ ಬಗ್ಗಡದಲ್ಲಿ ಹೊರಳಿಸಿ ಮತ್ತೆ ಚೆನ್ನಾಗಿ ಒಣಗಿಸಿಡುವುದು. ಮಣ್ಣಿನ ಲೇಪ ಇರುವಲ್ಲಿ ಕಾಳು ಕೊರೆಯುವ ಹುಳು ಮೊಟ್ಟೆ ಅಂಟಿಸಲಾರದು. ಕೆಮ್ಮಣ್ಣು ಕಟ್ಟಲು ಪುರುಸೊತ್ತಿಲ್ಲದವರು ಕಿಲೋ ಬೀಜಕ್ಕೆ 5 ಮಿಲಿಲೀಟರ್ ಹರಳೆಣ್ಣೆ ಅಥವಾ ಬೇವಿನ ಎಣ್ಣೆ ಸವರಿ ಮುಚ್ಚಿಡಬಹುದು. ಬೇವಿನ ಎಣ್ಣೆ ಬಿತ್ತನೆ ಬೀಜಕ್ಕೆ ಮಾತ್ರ, ತಿನ್ನುವ ಕಾಳಿಗಲ್ಲ. ಬಿತ್ತುವ ಹದಿನೈದು ದಿನ ಮೊದಲು ನೂರು ಬೀಜ ಮೊಳೆಸಿ ನೋಡಿ. ಎಪ್ಪತ್ತೈದಕ್ಕಿಂತ ಕಡಿಮೆ ಮೊಳೆತರೆ ಬೇರೆ ಬೀಜ ಹುಡುಕಿ. ಮೊದಲು ನೆಂಟರಲ್ಲಿ, ಅಲ್ಲಿ ಸಿಗದಿದ್ದರೆ ದೊಡ್ಡಬಳ್ಳಾಪುರ ತಾಲ್ಲೂಕಿನ ಹಾಡೋನಹಳ್ಳಿಯಲ್ಲಿರುವ ಕೃಷಿ ವಿಜ್ಞಾನ ಕೇಂದ್ರದಲ್ಲಿ ವಿಚಾರಿಸಿ. ಮುಂದೆ ನಿಮ್ಮ ಮನೆಯಲ್ಲಿ ಭಾಗದ ಮಾತು ಬಂದರೆ, ಪಂಚರು ಪಟ್ಟಿ ಬರೆಯಲು ಕೂತಾಗ ಬೀಜದ ಗಂಟನ್ನೂ ತರಿಸಿ ಜಗಲಿಯ ಮೇಲೆ ಇಡಿಸಿ. ಎಷ್ಟು ಮಂದಿ ಮಕ್ಕಳೋ ಅಷ್ಟು ಪಾಲು, ಹೆಣ್ಣುಮಕ್ಕಳದ್ದೂ ಸೇರಿ.